ನಮ್ಮ ಹಿತ್ತಲ ಅಮೃತಬಳ್ಳಿ: ನಾನು ಬಳಸುವ ರೀತಿ

ಹಿತ್ತಲ ಬೇವಿನ ಮರಕ್ಕೆ ಹಬ್ಬಿಸಿದ ಅಮೃತಬಳ್ಳಿಯಿಂದ ಬಹಳ ಕಾಲದಿಂದ ಕಷಾಯ ಮಾಡುತ್ತಿದ್ದೇನೆ. ಕೊರೊನಾ ಬಂದ ಮೇಲೆ ತುಂಡು ಕೇಳಿಕೊಂಡು ಬರುವವರು ಹೆಚ್ಚಾದರು. ಕೊಡುತ್ತೇನೆ, ಆದರೆ ಮೊದಲು ಕಾಂಡವನ್ನು ಕತ್ತರಿಸಿ ತೋರಿಸುತ್ತೇನೆ.

ಎಲೆ ನೋಡಿ ತೀರ್ಮಾನಿಸುವ ಹಾಗಿಲ್ಲ. ಹೃದಯದಾಕಾರದ ಎಲೆ ಇದರ ದಾಯಾದಿ ಟೈನೋಸ್ಪೋರಾ ಕ್ರಿಸ್ಪಾಕ್ಕೂ ಉಂಟು. ಅದರ ಕಾಂಡ ಬೂದುಬಣ್ಣ, ಮೈತುಂಬ ಉಬ್ಬುಗಂಟು, ಸಿಪ್ಪೆ ಕೆರೆದರೆ ಹಾಲಿನಂಥ ಸೊನೆ. ನಮ್ಮ ಬಳ್ಳಿಯ ತೆಳು ಹೊರಸಿಪ್ಪೆ ಉಗುರಿಗೇ ಸುಲಿದು ಬರುತ್ತದೆ, ಒಳಗೆ ಹಸಿರು, ಹಾಲಿಲ್ಲ. ಅಡ್ಡಕ್ಕೆ ಕೊಯ್ದರೆ ಗಾಡಿಚಕ್ರದ ಅರಗಳ ಹಾಗೆ ಗೆರೆಗಳು ಕಾಣುತ್ತವೆ.

ಜ್ವರ ಇಳಿದ ಮೇಲೂ ಮೈಭಾರ, ಬಾಯಿರುಚಿ ಇಲ್ಲ ಎಂದಾಗ ನಾನು ಇದನ್ನು ಮಾಡುವುದು. ಬೆರಳುದ್ದದ ಹಸಿ ತುಂಡು ಜಜ್ಜಿ, ನಾಲ್ಕು ಲೋಟ ನೀರು ಒಂದು ಲೋಟಕ್ಕೆ ಇಳಿಯುವವರೆಗೆ ಸಣ್ಣ ಉರಿಯಲ್ಲಿ ಕುದಿಸಿ, ಸೋಸಿ, ಅರ್ಧ ಲೋಟ ಕುಡಿಯುತ್ತೇನೆ. ಕಹಿ ಗಂಟಲಲ್ಲೇ ನಿಲ್ಲುತ್ತದೆ, ಬೆಲ್ಲ ಹಾಕಿದರೂ ಹೋಗದು. ನಾಲ್ಕೈದು ದಿನಕ್ಕೆ ನಿಲ್ಲಿಸುತ್ತೇನೆ. ಜ್ವರ ಇರುವಾಗಲೇ ಇದನ್ನು ನಂಬಿ ಕೂರುವುದು ತಪ್ಪು. ಡೆಂಗಿಯೋ ಟೈಫಾಯಿಡೋ ರಕ್ತಪರೀಕ್ಷೆಯೇ ಹೇಳಬೇಕು.

ರೋಗನಿರೋಧಕ ಶಕ್ತಿಗೆಂದು ತಿಂಗಳುಗಟ್ಟಲೆ ಕುಡಿಯುವುದನ್ನು ನಾನು ಒಪ್ಪುವುದಿಲ್ಲ. ಅಮೃತಬಳ್ಳಿ ಸೇವಿಸುತ್ತಿದ್ದ 6 ಮಂದಿಗೆ ಲಿವರ್ ತೊಂದರೆಯಾದದ್ದನ್ನು ಮುಂಬೈ ವೈದ್ಯರು 2021ರಲ್ಲಿ ವರದಿ ಮಾಡಿದರು. ಆಯುಷ್ ಸಚಿವಾಲಯ ಅದನ್ನು ಒಪ್ಪದೆ, ಅದು ಬೇರೆ ಬಳ್ಳಿಯಾಗಿರಬಹುದು ಎಂದಿತು. 2022ರಲ್ಲಿ ಹಲವು ಊರುಗಳ ಆಸ್ಪತ್ರೆಗಳಿಂದ 43 ರೋಗಿಗಳ ವರದಿ ಬಂತು. ದೇಹದ ರೋಗನಿರೋಧಕ ವ್ಯವಸ್ಥೆಯೇ ಲಿವರಿನ ಮೇಲೆ ತಿರುಗಿಬಿದ್ದಂಥ ಲಕ್ಷಣ ಹಲವರಲ್ಲಿತ್ತು. ಹಾಗಾಗಿ ಸರಿಯಾದ ಬಳ್ಳಿಯೇ ಸಿಕ್ಕರೂ ಎಲ್ಲರಿಗೂ ಒಗ್ಗುತ್ತದೆ ಎಂದು ನಾನು ಹೇಳಲಾರೆ.

ಬಸುರಿಯರಿಗೆ, ಹಾಲೂಡಿಸುವವರಿಗೆ, ಲಿವರ್ ಕಾಯಿಲೆಯವರಿಗೆ, ದೇಹದ ರೋಗನಿರೋಧಕ ವ್ಯವಸ್ಥೆ ತನ್ನ ಮೇಲೆಯೇ ತಿರುಗಿಬೀಳುವ ಸ್ವಯಂನಿರೋಧಕ ಕಾಯಿಲೆಯವರಿಗೆ (ಕೆಲವು ಬಗೆಯ ಥೈರಾಯ್ಡ್, ಸಂಧಿವಾತದಂಥವು), ಅಂಗಾಂಗ ಕಸಿ ಮಾಡಿಸಿಕೊಂಡವರಿಗೆ ನಾನು ಕೊಡುವುದಿಲ್ಲ, ಎಷ್ಟೇ ಒತ್ತಾಯ ಮಾಡಲಿ. ಸಕ್ಕರೆ ಕಾಯಿಲೆಗೆ ಮಾತ್ರೆ ನುಂಗುವವರು ವೈದ್ಯರನ್ನು ಕೇಳದೆ ಮುಟ್ಟಬಾರದು. ಮಾತ್ರೆಯ ಜೊತೆ ಇದೂ ಸೇರಿದರೆ ಸಕ್ಕರೆ ತೀರಾ ಕೆಳಗಿಳಿಯಬಹುದು.

ಕುಡಿಯುವಾಗ ಕಣ್ಣು ಹಳದಿಯಾದರೆ, ಮೂತ್ರದ ಬಣ್ಣ ಗಾಢವಾದರೆ, ಊಟ ಸೇರದೆ ವಾಕರಿಕೆ ಬಂದರೆ ಅಂದೇ ನಿಲ್ಲಿಸಿ ಲಿವರ್ ಪರೀಕ್ಷೆ ಮಾಡಿಸಿ. ವೈದ್ಯರ ಬಳಿ ಹೋಗುವಾಗ ಬಳ್ಳಿಯ ತುಂಡನ್ನು, ಅಂಗಡಿಯ ಪುಡಿ ಬಳಸಿದ್ದರೆ ಅದರ ಡಬ್ಬಿಯನ್ನು ಜೊತೆಗೆ ಒಯ್ಯಿರಿ.