ವಿಕ್ಟೋರಿಯಾ ಕಾಲದ ಬ್ರಿಟಿಷ್ ಕುಲೀನ ಸೇನಾಧಿಕಾರಿಯ ವೃತ್ತಿಜೀವನ ಬರೆಯುವುದು ಹೇಗೆ?

ಮೊದಲು ಹೆಸರುಗಳನ್ನು ಬಿಡಿಸಿಕೊಳ್ಳಿ. ಆಳು ಒಬ್ಬನೇ ಆದರೂ ದಾಖಲೆಗಳಲ್ಲಿ ಎರಡು ಮೂರು ಹೆಸರಿರುತ್ತವೆ. 1836ರ ಲಾರ್ಡ್ ಬ್ರೂಡೆನೆಲ್, ಮರುವರ್ಷ ತಂದೆ ತೀರಿಕೊಂಡ ಮೇಲೆ ಕಾರ್ಡಿಗನ್ನಿನ 7ನೇ ಅರ್ಲ್ (ಅರ್ಲ್ ಎಂದರೆ ವಂಶಪಾರಂಪರ್ಯದ ಕುಲೀನ ಪದವಿ). ಫಿಟ್ಸ್‌ರಾಯ್ ಸಾಮರ್‌ಸೆಟ್ 1852ರಲ್ಲಿ ಲಾರ್ಡ್ ರಾಗ್ಲನ್ ಆದರು. ಒಂದೇ ಹೆಸರು ಹಿಡಿದು ಹುಡುಕಿದರೆ ಅರ್ಧ ಬದುಕು ಕೈತಪ್ಪುತ್ತದೆ. ಆ ಕಾಲದಲ್ಲಿ ಹೆಸರಿಗೆ ಎಂಥ ತೂಕವಿತ್ತು ನೋಡಿ: ದ್ವಂದ್ವಯುದ್ಧದಲ್ಲಿ ಕ್ಯಾಪ್ಟನ್ ಹಾರ್ವೆ ಟಕೆಟ್ ಅವರನ್ನು ಗಾಯಗೊಳಿಸಿದ ಕಾರ್ಡಿಗನ್ 1841ರಲ್ಲಿ ಸಂಸತ್ತಿನ ಮೇಲ್ಮನೆಯಾದ ಲಾರ್ಡ್ಸ್ ಸಭೆಯ ವಿಚಾರಣೆಯಿಂದ ಬಿಡುಗಡೆಯಾದದ್ದು, ಗಾಯಗೊಂಡವರೂ ಆರೋಪಪಟ್ಟಿಯಲ್ಲಿದ್ದ ಪೂರ್ಣ ಹೆಸರಿನವರೂ ಒಬ್ಬರೇ ಎಂದು ಸಾಬೀತಾಗದ ಕಾರಣಕ್ಕೆ.

ಆಮೇಲೆ ಬಡ್ತಿಗಳ ದಿನಾಂಕ. ಆಗ ಸೇನಾಧಿಕಾರಿಗಳು ಹುದ್ದೆಯನ್ನು ಹಣ ಕೊಟ್ಟು ಕೊಳ್ಳುತ್ತಿದ್ದರು. ಸರ್ಕಾರಿ ಪ್ರಕಟಣೆಗಳ ಪತ್ರಿಕೆ 'ಲಂಡನ್ ಗೆಜೆಟ್'ನಲ್ಲಿ ಪ್ರತಿ ನೇಮಕಾತಿಗೂ ಒಂದು ಸಾಲು ಸಿಗುತ್ತದೆ: ಇಂಥ ಲೆಫ್ಟಿನೆಂಟ್, ನಿವೃತ್ತರಾಗುತ್ತಿರುವ ಇಂಥವರ ಜಾಗಕ್ಕೆ, ಖರೀದಿಯ ಮೂಲಕ ಕ್ಯಾಪ್ಟನ್. 'ಖರೀದಿಯಿಲ್ಲದೆ' ಎಂದಿದ್ದರೆ ನಿಂತು ಓದಿ. ಹಿಂದಿನವರು ಸತ್ತು ತೆರವಾದ ಜಾಗವಾಗಿರಬಹುದು. ಸತ್ತವರ ಹುದ್ದೆ ಸಾಮಾನ್ಯವಾಗಿ ಮಾರಾಟಕ್ಕೆ ಬರುತ್ತಿರಲಿಲ್ಲ, ಅವರ ಮನೆಯವರು ಹೂಡಿದ ಹಣವೂ ಅಲ್ಲಿಗೆ ಮುಗಿಯುತ್ತಿತ್ತು.

ಹಣದ ಲೆಕ್ಕ ಇಲ್ಲದೆ ಈ ಬದುಕು ಅರ್ಥವಾಗುವುದಿಲ್ಲ. ಕಾಲ್ದಳದಲ್ಲಿ ಸರ್ಕಾರಿ ದರ ಹೀಗಿತ್ತು: ಎನ್‌ಸೈನ್ (ಅತಿ ಕೆಳಗಿನ ಅಧಿಕಾರಿ ಹುದ್ದೆ) 450 ಪೌಂಡ್, ಲೆಫ್ಟಿನೆಂಟ್ 700, ಕ್ಯಾಪ್ಟನ್ 1,800, ಮೇಜರ್ 3,200, ಲೆಫ್ಟಿನೆಂಟ್ ಕರ್ನಲ್ 4,500. ಅಶ್ವದಳದ ಲೆಫ್ಟಿನೆಂಟ್ ಕರ್ನಲ್ ಹುದ್ದೆಗೆ 6,175. ಪ್ರತಿ ಬಡ್ತಿಗೂ ಪೂರ್ತಿ ದರ ಕೂಡಿಸಿಬಿಡುವುದು ಬಹಳ ಸಾಮಾನ್ಯವಾದ ತಪ್ಪು. ಕೆಳಗಿನ ಹುದ್ದೆ ಮಾರಿ ಮೇಲಿನದು ಕೊಳ್ಳುತ್ತಿದ್ದರು. ಕಾಲ್ದಳದ ಲೆಫ್ಟಿನೆಂಟ್ ಕ್ಯಾಪ್ಟನ್ ಆಗಲು ಕಟ್ಟಬೇಕಿದ್ದದ್ದು 1,100 ಮಾತ್ರ. ಇದರ ಮೇಲೆ ಕಾನೂನಿಗೆ ವಿರುದ್ಧವಾಗಿ ಕೈಬದಲಾಗುತ್ತಿದ್ದ ಹಣ ಬೇರೆ; ಅದು ಗೆಜೆಟ್‌ನಲ್ಲಿ ಸಿಗದು, ಮನೆತನದ ಪತ್ರಗಳಲ್ಲೇ ಹುಡುಕಬೇಕು. ಫಿರಂಗಿದಳ ಮತ್ತು ಎಂಜಿನಿಯರ್ ದಳದಲ್ಲಿ ಖರೀದಿ ಇರಲಿಲ್ಲ. ಉಳಿದೆಡೆ 1871ರ ನವೆಂಬರ್ 1ರಿಂದ ಅದು ರದ್ದಾಯಿತು. ಹುದ್ದೆ ಕೋರಿ ಬರೆದ ಅರ್ಜಿಗಳು ಲಂಡನ್ನಿನ ಕ್ಯೂನಲ್ಲಿರುವ ರಾಷ್ಟ್ರೀಯ ಪತ್ರಾಗಾರದ ಡಬ್ಲ್ಯೂಓ 31 (ಡಬ್ಲ್ಯೂಓ ಎಂದರೆ ವಾರ್ ಆಫೀಸ್, ಯುದ್ಧ ಇಲಾಖೆ) ಕಂತೆಗಳಲ್ಲಿವೆ. ಶಿಫಾರಸು ಯಾರದು ಎಂಬುದು ಅಲ್ಲೇ ಗೊತ್ತಾಗುತ್ತದೆ, ಬಿಡಬೇಡಿ.

ಅಧಿಕಾರಿ ಫುಟ್ ಗಾರ್ಡ್ಸ್ ಎಂಬ ರಾಜರಕ್ಷಕ ಕಾಲ್ದಳದವರಾದರೆ ಹುದ್ದೆಯನ್ನು ಎರಡು ಸಲ ಬರೆದುಕೊಳ್ಳಿ. ಆಗ ಅಲ್ಲಿನ ಕ್ಯಾಪ್ಟನ್, ಇಡೀ ಸೇನೆಯ ಲೆಕ್ಕದಲ್ಲಿ ಲೆಫ್ಟಿನೆಂಟ್ ಕರ್ನಲ್. ಇದು ತಿಳಿಯದವರು ಒಬ್ಬರನ್ನೇ ಇಬ್ಬರೆಂದು ಭಾವಿಸುತ್ತಾರೆ. ರೆಜಿಮೆಂಟ್ ಹೆಸರಿನ ಬಗ್ಗೆಯೂ ಎಚ್ಚರ: 1881ರ ಸುಧಾರಣೆಯಲ್ಲಿ ಕಾಲ್ದಳದ ಸಂಖ್ಯೆಗಳು ಹೋಗಿ ಬಹುಪಾಲು ಕೌಂಟಿಯ ಹೆಸರುಗಳು ಬಂದವು.

ಕೊನೆಗೆ 'ಅರ್ಧ ಸಂಬಳ'ದ ವರ್ಷಗಳು, ಅಂದರೆ ದರ್ಜೆ ಉಳಿಸಿಕೊಂಡು ಸಕ್ರಿಯ ಸೇವೆಯಿಲ್ಲದೆ ಕಳೆದ ವರ್ಷಗಳು. ಇವನ್ನು ನಿವೃತ್ತಿ ಎಂದು ಬರೆಯಬೇಡಿ. ಲೂಕನ್‌ನ 3ನೇ ಅರ್ಲ್ 1837ರಲ್ಲಿ 17ನೇ ಲ್ಯಾನ್ಸರ್ಸ್ ನಾಯಕತ್ವ ಬಿಟ್ಟು ಅರ್ಧ ಸಂಬಳಕ್ಕೆ ಹೋದರೂ ಹಿರಿತನ ಬೆಳೆಯುತ್ತಲೇ ಇತ್ತು: 1851ರಲ್ಲಿ ಮೇಜರ್ ಜನರಲ್, 1854ರಲ್ಲಿ ಕ್ರೈಮಿಯಾ ಯುದ್ಧದಲ್ಲಿ ಅಶ್ವದಳದ ಮುಖ್ಯಸ್ಥ. 1855ರಲ್ಲಿ ವಾಪಸು ಕರೆಸಿಕೊಂಡ ಮೇಲೆ ಯಾವ ಯುದ್ಧವನ್ನೂ ಕಾಣದೆ, 1887ರಲ್ಲಿ, 87ನೇ ವಯಸ್ಸಿನಲ್ಲಿ ಫೀಲ್ಡ್ ಮಾರ್ಷಲ್ ಆದರು.