ಸಣ್ಣ ಬಜೆಟ್ಟಿನ ಚಿತ್ರಕ್ಕೆ ನಿರ್ಮಾಪಕರೇ ಪ್ರೊಡಕ್ಷನ್ ಡಿಸೈನರ್ ಆಗುವುದು ಹೇಗೆ?

ಚಿತ್ರದ ಹಣಕಾಸನ್ನೂ, ಪ್ರೊಡಕ್ಷನ್ ಡಿಸೈನರ್ ನೋಡಿಕೊಳ್ಳುವ ಅದರ ದೃಶ್ಯರೂಪವನ್ನೂ ಒಬ್ಬರೇ ನಿಭಾಯಿಸುವುದಾದರೆ, ಕೆಲಸ ಆರಂಭವಾಗಬೇಕಾದದ್ದು ಚಿತ್ರಕಥೆಯ ಬ್ರೇಕ್‌ಡೌನಿನಿಂದ. ಪ್ರತಿ ದೃಶ್ಯದ ಸ್ಥಳ, ಹೊತ್ತು, ಉಡುಪು, ಪಾತ್ರಗಳು ಬಳಸುವ ಪ್ರಾಪರ್ಟಿ (ಪರಿಕರಗಳು), ವಾಹನ, ಪ್ರಾಣಿ ಎಲ್ಲವನ್ನೂ ಒಂದೇ ಕೋಷ್ಟಕದಲ್ಲಿ ಬರೆದು, ಅವು ಬಾಡಿಗೆಗೆ ಸಿಗುತ್ತವೆಯೋ, ಮಾಡಿಸಬೇಕೋ, ಎಷ್ಟು ಪ್ರತಿ ಬೇಕೋ ಎಂಬುದನ್ನು ಪಕ್ಕದಲ್ಲೇ ನಮೂದಿಸಬೇಕು. ಕಥೆಯಲ್ಲಿ ಒಡೆಯುವ ಮಡಕೆ ಒಂದೇ ಆದರೂ ಟೇಕುಗಳ ಲೆಕ್ಕದಲ್ಲಿ ಅದು ನಾಲ್ಕೈದು ಆಗುತ್ತದೆ. ಹರಿದುಹೋಗುವ ಅಂಗಿಯೂ ಹಾಗೆಯೇ. ಬಜೆಟ್ ಈ ಕೋಷ್ಟಕದಿಂದ ಹುಟ್ಟಬೇಕು. ಮೊದಲೇ ಒಂದು ಮೊತ್ತವನ್ನು ಊಹಿಸಿಕೊಂಡು ದೃಶ್ಯಗಳನ್ನು ಅದರೊಳಗೆ ತುರುಕಲು ಹೋದವರಿಗೆ ಕೊನೆಯ ಷೆಡ್ಯೂಲಿನಲ್ಲಿ ಕೈ ಖಾಲಿಯಾಗುತ್ತದೆ.

ಇಂಥ ಚಿತ್ರದ ನೋಟ ಬಹುಪಾಲು ಲೊಕೇಶನ್ ಆಯ್ಕೆಯಲ್ಲೇ ತೀರ್ಮಾನವಾಗುತ್ತದೆ. ಚಿತ್ರಕಲಾವಿದ ಎಸ್.ಜಿ. ವಾಸುದೇವ್ ಕಲಾ ನಿರ್ದೇಶಕರಾಗಿದ್ದ 1970ರ ‘ಸಂಸ್ಕಾರ’ ಚಿತ್ರದ ಅಗ್ರಹಾರ ಶೃಂಗೇರಿ ಸಮೀಪದ ನಿಜವಾದ ಹಳ್ಳಿಯದು. ದೃಶ್ಯ ಬೆಳಗಿನದಾದರೆ ಜಾಗವನ್ನು ಬೆಳಗ್ಗೆಯೇ ಹೋಗಿ ನೋಡಬೇಕು; ಬಿಸಿಲು ಯಾವ ಕಿಟಕಿಯಿಂದ ಎಷ್ಟು ಹೊತ್ತು ಒಳಬರುತ್ತದೆ, ಪಕ್ಕದಲ್ಲಿ ಅಕ್ಕಿ ಗಿರಣಿ ಸದ್ದು ಮಾಡುತ್ತದೆಯೇ, ತಂಡ ತಂಗುವ ಲಾಡ್ಜ್ ಎಷ್ಟು ದೂರ ಎಂಬುದನ್ನೆಲ್ಲ ಬರೆದುಕೊಳ್ಳಬೇಕು. ಅಂದದ ಮನೆಯೊಂದು ಎರಡು ಗಂಟೆಯ ಪ್ರಯಾಣದಾಚೆ ಇದ್ದರೆ, ಪ್ರತಿದಿನ ನಾಲ್ಕು ಗಂಟೆಯ ಚಿತ್ರೀಕರಣವನ್ನು ಅದು ನುಂಗುತ್ತದೆ. ಕಥೆ 1985ರದ್ದಾಗಿದ್ದರೆ ಆ ಕಾಲಕ್ಕೆ ಹೊಂದದ ಡಿಷ್ ಆಂಟೆನಾ, ಫ್ಲೆಕ್ಸ್, ಮೊಬೈಲ್ ಟವರ್ ಕಣ್ಣಿಗೆ ಬೀಳುತ್ತವೆ. ತಪ್ಪಿಸಿಕೊಳ್ಳುವುದು ನಂಬರ್ ಪ್ಲೇಟಿನಂಥ ಸಣ್ಣ ಸಂಗತಿ. ‘ಕೆಎ’ ಸರಣಿ ಆಗಿನ್ನೂ ಬಂದಿರಲಿಲ್ಲ.

ಹೊಸದಾಗಿ ಬಳಿದ ಗೋಡೆಯನ್ನು ಹಳತಾಗಿಸುವಾಗ ಇಡೀ ಗೋಡೆಗೆ ಒಂದೇ ಸಮನೆ ಕಂದು ನೀರು ಹೊಡೆಯುವವರೇ ಹೆಚ್ಚು, ಅದು ಕ್ಯಾಮೆರಾಕ್ಕೆ ಮೋಸವೆಂದೇ ಕಾಣುತ್ತದೆ. ಕೊಳೆಗೂ ಕಾರಣವಿರುತ್ತದೆ: ಸ್ವಿಚ್ಚಿನ ಸುತ್ತ ಬೆರಳಿನ ಜಿಡ್ಡು, ಕುರ್ಚಿಯ ಹಿಂದೆ ತಲೆ ಒರಗಿದ ಎಣ್ಣೆ ಕಲೆ, ಒಲೆಯ ಮೇಲೆ ಮಸಿ, ನೆಲದಿಂದ ಗೇಣೆತ್ತರದವರೆಗೆ ಮಳೆನೀರು ಸಿಡಿದ ಮಣ್ಣು. ತೆಳುವಾಗಿಸಿದ ಬಣ್ಣವನ್ನು ಸ್ಪಂಜಿನಲ್ಲಿ ಅದ್ದಿ ಈ ಜಾಗಗಳಲ್ಲಿ ಮಾತ್ರ ಒತ್ತಿ, ಒಣಗಿದ ಮೇಲೆ ಛಾಯಾಗ್ರಾಹಕರೊಡನೆ ಫ್ರೇಮಿನೊಳಗೆ ನೋಡಬೇಕು. ಕಣ್ಣು ಕುಕ್ಕುವ ಬಿಳಿ ಪಂಚೆಯನ್ನು ಚಹಾ ಡಿಕಾಕ್ಷನ್ನಿನಲ್ಲಿ ಅದ್ದಿದರೆ ಸಾಕು. ಮನೆಯ ಮಾಲೀಕರಿಗೆ ಎಲ್ಲವನ್ನೂ ಮೊದಲಿನಂತೆ ಮಾಡಿಕೊಡುವ ಷರತ್ತನ್ನು ಕರಾರಿನಲ್ಲಿ ಬರೆದು, ಕೈಹಚ್ಚುವ ಮುನ್ನ ಪ್ರತಿ ಕೋಣೆಯ ಫೋಟೋ ತೆಗೆದಿಡುವುದು ಜಾಣತನ.

ಕಾಗದಪತ್ರಗಳನ್ನು ಚಿತ್ರೀಕರಣಕ್ಕೆ ಮುಂಚೆಯೇ ಮುಗಿಸಿಕೊಳ್ಳಬೇಕು. ಕಥೆಯ ಹಕ್ಕು ಲಿಖಿತವಾಗಿರಬೇಕು. ಶೀರ್ಷಿಕೆಯನ್ನು ಚಲನಚಿತ್ರ ವಾಣಿಜ್ಯ ಮಂಡಳಿಯಲ್ಲಿ ನೋಂದಾಯಿಸಬೇಕು. ದೃಶ್ಯದಲ್ಲಿ ಎತ್ತೊಂದು ಬಂದರೂ ಪ್ರಾಣಿ ಕಲ್ಯಾಣ ಮಂಡಳಿಯ ಅನುಮತಿಯಿಲ್ಲದೆ ಮುಂದೆ ಸೆನ್ಸಾರ್ ಹಂತದಲ್ಲಿ ತೊಡಕಾಗುತ್ತದೆ. ಬಂಡವಾಳಕ್ಕೆ ಒಂದೇ ದಾರಿಯೆಂದೇನಿಲ್ಲ: 2013ರ ‘ಲೂಸಿಯಾ’ ಪ್ರೇಕ್ಷಕರಿಂದಲೇ ಹಣ ಕೂಡಿಸಿ ತಯಾರಾಯಿತು, ಗೋವಾದಲ್ಲಿ ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮ (ಎನ್‌ಎಫ್‌ಡಿಸಿ) 2007ರಿಂದ ನಡೆಸುತ್ತಿರುವ ಚಿತ್ರ ಮಾರುಕಟ್ಟೆ ಫಿಲ್ಮ್ ಬಜಾರ್‌ನಲ್ಲಿ (2025ರಿಂದ ‘ವೇವ್ಸ್ ಫಿಲ್ಮ್ ಬಜಾರ್’) ಸಹನಿರ್ಮಾಪಕರನ್ನು ಹುಡುಕಬಹುದು. ಸರ್ಕಾರದ ಸಹಾಯಧನಕ್ಕೆ ಅರ್ಜಿ ಹಾಕುವುದು ಚಿತ್ರ ಮುಗಿದ ಮೇಲಾದ್ದರಿಂದ ಅದನ್ನು ನೆಚ್ಚಿ ಸಾಲ ಮಾಡಕೂಡದು. ಒಟ್ಟು ಅಂದಾಜಿನ ಶೇ. 10ರಷ್ಟನ್ನು ಮಳೆ, ಅಪಘಾತ, ಮರುಚಿತ್ರೀಕರಣಗಳಿಗೆಂದು ಮುಟ್ಟದೆ ಇಡಬೇಕು.

ಸೆಟ್ಟಿನಲ್ಲಿ ನಿರ್ಮಾಪಕರ ಫೋನ್ ಪ್ರೊಡಕ್ಷನ್ ಮ್ಯಾನೇಜರ್ ಕೈಯಲ್ಲಿರುವುದು ಒಳ್ಳೆಯದು. ಊಟದ ಬಿಲ್ಲಿನ ಬಗ್ಗೆ ಮಾತಾಡುತ್ತಿರುವವರಿಗೆ ಹಿಂದಿನ ಶಾಟಿನಲ್ಲಿ ಎಡಗಡೆಯಿದ್ದ ಲೋಟ ಬಲಕ್ಕೆ ಸರಿದದ್ದು ಕಾಣುವುದಿಲ್ಲ. ಎರಡೂ ಹುದ್ದೆಗಳ ಸಂಭಾವನೆಯನ್ನು, ತಾವೇ ಪಡೆಯದಿದ್ದರೂ, ಬಜೆಟ್ಟಿನಲ್ಲಿ ಬೇರೆಬೇರೆ ಸಾಲುಗಳಲ್ಲಿ ತೋರಿಸಬೇಕು. ಮುಂದಿನ ಚಿತ್ರಕ್ಕೆ ಬೇರೆ ಕಲಾ ನಿರ್ದೇಶಕರನ್ನು ಕರೆಯಬೇಕಾಗಿ ಬಂದಾಗ ಎಷ್ಟು ಹಣ ತೆಗೆದಿಡಬೇಕೆಂಬುದು ಆ ಸಾಲಿನಿಂದಲೇ ತಿಳಿಯುತ್ತದೆ.