ಲಿಂಕನ್ ಬಗ್ಗೆ ಭಾಷಣ ಬರೀಬೇಕಾ? ವಕೀಲಿಕೆಯಿಂದ ಶುರು ಮಾಡಿ

ಮಗೂಗೆ ಶಾಲೇಲಿ ಅಬ್ರಹಾಂ ಲಿಂಕನ್ ಬಗ್ಗೆ ಐದು ನಿಮಿಷ ಮಾತಾಡು ಅಂದ್ರೆ ನಾವೆಲ್ಲಾ ಬರ್ಕೊಡೋದು ಒಂದೇ ಥರ, ಮರದ ಗುಡಿಸಲಲ್ಲಿ ಹುಟ್ಟಿದ್ರು, ಒಲೆ ಬೆಳಕಲ್ಲಿ ಓದಿದ್ರು, ಆಮೇಲೆ ಸೀದಾ ಅಮೆರಿಕಾ ಅಧ್ಯಕ್ಷ. ಮಧ್ಯದಲ್ಲಿ ಇಪ್ಪತ್ತಕ್ಕೂ ಹೆಚ್ಚು ವರ್ಷ ವಕೀಲಿಕೆ ಮಾಡಿದ್ದೇ ಮಾಯ! ನಿಜವಾದ ಕಥೆ ಇರೋದೇ ಅಲ್ಲಿ.

ಮೊದಲು ವಾಟ್ಸಾಪ್ ಸರಕು ಪಕ್ಕಕ್ಕಿಡಿ. ಮಗನ ಮೇಷ್ಟ್ರಿಗೆ ಲಿಂಕನ್ ಬರೆದ ಪತ್ರ ಅಂತ ಎಷ್ಟೋ ಶಾಲೆ ಗೋಡೆ ಮೇಲಿದ್ಯಲ್ಲ, ಅದು ಅವರ ಕಾಗದಪತ್ರಗಳಲ್ಲಿ ಎಲ್ಲೂ ಸಿಕ್ಕಿಲ್ಲ. ಇನ್ನೊಂದು, ಲಿಂಕನ್ ಬರೀ ಸೋತೂ ಸೋತೂ ಕೊನೆಗೆ ಅಧ್ಯಕ್ಷರಾದ್ರು ಅಂತ ಓಡಾಡೋ ಸೋಲುಗಳ ಪಟ್ಟಿ. 1832ರಲ್ಲಿ ಶಾಸಕರ ಚುನಾವಣೆ ಸೋತಿದ್ದು ನಿಜ, ಆದ್ರೆ 1834ರಿಂದ ಸತತ ನಾಲ್ಕು ಸಲ ಇಲಿನಾಯ್ ರಾಜ್ಯದ ಶಾಸಕರಾಗಿ ಗೆದ್ದಿದ್ದನ್ನೂ ಹೇಳ್ಬೇಕಲ್ವಾ.

ಆಮೇಲೆ ವಕೀಲಿಕೆ. ಕಾಲೇಜಿಲ್ಲ, ಪುಸ್ತಕ ಸಾಲ ತಂದು ಓದಿ 1836ರಲ್ಲಿ ಲೈಸೆನ್ಸ್ ತಗೊಂಡ್ರು, ಮರುವರ್ಷ ಅದೇ ರಾಜ್ಯದ ಸ್ಪ್ರಿಂಗ್‌ಫೀಲ್ಡ್‌ಗೆ ಬಂದ್ರು. ವರ್ಷಕ್ಕೆರಡು ಸಲ ಜಡ್ಜೂ ವಕೀಲರೂ ಒಟ್ಟಿಗೆ ಊರೂರು ಸುತ್ತಿ ಕೋರ್ಟ್ ನಡೆಸೋರು, ರಾತ್ರಿ ಒಂದೇ ಛತ್ರದಂಥ ಜಾಗದಲ್ಲಿ ಇಕ್ಕಟ್ಟಲ್ಲಿ ಮಲಗೋರು. ಇದನ್ನ ಖಂಡಿತ ಹಾಕಿ, ಯಾಕಂದ್ರೆ ಆ ಓಡಾಟದ ಜಡ್ಜ್ ಡೇವಿಡ್ ಡೇವಿಸ್ಸೇ 1860ರಲ್ಲಿ ಶಿಕಾಗೋದಲ್ಲಿ ನಿಂತು ಲಿಂಕನ್‌ಗೆ ರಿಪಬ್ಲಿಕನ್ ಪಕ್ಷದಿಂದ ಅಧ್ಯಕ್ಷ ಚುನಾವಣೆಯ ಟಿಕೆಟ್ ಕೊಡಿಸಿದ್ದು.

ಕೇಸು ಎರಡೇ ಸಾಕು. ಮಕ್ಕಳಿಗೆ ಇಷ್ಟ ಆಗೋದು 1858ರದ್ದು: ಕೊಲೆ ಕೇಸಲ್ಲಿ ಸಾಕ್ಷಿ ಬೆಳದಿಂಗಳಲ್ಲಿ ಎಲ್ಲಾ ಕಣ್ಣಾರೆ ಕಂಡೆ ಅಂತಾನೆ, ಲಿಂಕನ್ ಹಿಂದಿನ ವರ್ಷದ ಪಂಚಾಂಗ ತೆಗೆದು ಆ ಹೊತ್ತಿಗೆ ಚಂದ್ರ ಮುಳುಗೋಕೆ ಹೋಗಿದ್ದ ಅಂತ ತೋರಿಸ್ತಾರೆ, ಆರೋಪಿ ಡಫ್ ಆರ್ಮ್‌ಸ್ಟ್ರಾಂಗ್ ಬಿಡುಗಡೆ. ಫೀಸೂ ತಗೊಳ್ಲಿಲ್ಲ, ಕಷ್ಟದ ದಿನಗಳಲ್ಲಿ ಆ ಹುಡುಗನ ತಾಯಿ ಇವರನ್ನ ನೋಡ್ಕೊಂಡಿದ್ರು.

ಎರಡನೇದು ನುಂಗೋಕೆ ಕಷ್ಟ, ಆದ್ರೂ ಮುಚ್ಚಿಡ್ಬೇಡಿ. 1847ರಲ್ಲಿ ಜೇನ್ ಬ್ರಯಂಟ್ ಅನ್ನೋ ತಾಯಿ ನಾಲ್ಕು ಮಕ್ಕಳ ಜೊತೆ ಗುಲಾಮಗಿರಿಯಿಂದ ಬಿಡುಗಡೆ ಕೇಳಿದಾಗ ಲಿಂಕನ್ ವಾದಿಸಿದ್ದು ಗುಲಾಮರ ಯಜಮಾನ ಮ್ಯಾಟ್ಸನ್ ಪರ. ಸೋತ್ರು, ಆ ತಾಯಿ ಮಕ್ಕಳು ಸ್ವತಂತ್ರರಾದ್ರು. ನನಗಂತೂ ಇದನ್ನ ಓದಿ ತುಂಬಾ ಬೇಜಾರಾಗಿತ್ತು, ಆದ್ರೆ ಮುಂದಿನ ಲಿಂಕನ್ ಎಷ್ಟು ದೂರ ನಡೆದು ಬಂದ್ರು ಅಂತ ಗೊತ್ತಾಗೋದು ಇದ್ರಿಂದಾನೇ.

ರಾಜಕೀಯ ಚಿಕ್ಕದಾಗಿರ್ಲಿ. ಒಂದು ಅವಧಿ ಸಂಸತ್ತಿನಲ್ಲಿದ್ದು 1849ರಲ್ಲಿ ಕೋರ್ಟಿಗೆ ವಾಪಸ್, 1854ರಲ್ಲಿ ಹೊಸ ಪ್ರದೇಶಗಳಿಗೂ ಗುಲಾಮಗಿರಿ ಹಬ್ಬೋಕೆ ದಾರಿ ಮಾಡೋ ಕಾನೂನು ಬಂದಾಗ ಮತ್ತೆ ಕಣಕ್ಕೆ, 1858ರಲ್ಲಿ ಸೆನೆಟ್ ಸೀಟಿನ ಎದುರಾಳಿ ಸ್ಟೀಫನ್ ಡಗ್ಲಾಸ್ ಜೊತೆ ಏಳು ಚರ್ಚೆ, ಸೆನೆಟ್ ಸೀಟು ಮಾತ್ರ ಡಗ್ಲಾಸ್‌ಗೇ ಹೋಯ್ತು. ಗುಲಾಮರು ಸ್ವತಂತ್ರರು ಅಂತ ಸಾರಿದ 1863ರ ಜನವರಿ 1ರ ವಿಮೋಚನಾ ಘೋಷಣೆ ಬಗ್ಗೆ ಬರೆಯುವಾಗ ಒಂದು ಸಾಲು ಸೇರಿಸಿ: ಅದು ಯುದ್ಧಕಾಲದ ಆದೇಶ, ದಂಗೆ ಎದ್ದ ಪ್ರದೇಶಗಳಿಗೆ ಮಾತ್ರ, ಕೋರ್ಟಲ್ಲಿ ಬಿದ್ದುಹೋಗ್ಬಹುದು ಅನ್ನೋ ಭಯ ಇದ್ದಿದ್ರಿಂದಾನೇ ಇಡೀ ದೇಶದಲ್ಲಿ ಗುಲಾಮಗಿರಿ ರದ್ದು ಮಾಡೋ ಸಂವಿಧಾನದ 13ನೇ ತಿದ್ದುಪಡಿಗೆ ಅವರು ಅಷ್ಟು ಹಟ ಹಿಡಿದಿದ್ದು.

ಟೈಮ್ ಸಾಲದಿದ್ರೆ ಗುಡಿಸಲಿಗೆ ಒಂದು ಸಾಲು, ಥಿಯೇಟರಲ್ಲಿ ಗುಂಡು ಬಿದ್ದಿದ್ದಕ್ಕೆ ಒಂದು ಸಾಲು ಸಾಕು, ಜೇನ್ ಬ್ರಯಂಟ್ ಕೇಸು ಮಾತ್ರ ತೆಗೀಬೇಡಿ.